ಗುಮ್ಮಟದ ಮುಂದೆ ತೂಗುವ ಕಲ್ಲು

ನನ್ನ ಮಗಳ ನೋಟ್‌ಬುಕ್ಕಿನಲ್ಲಿ ಒಂದು ಲೋಕವಿದೆ. ಹೆಸರು ಮುಗಿಲೂರು. ಅವಳಿಗೀಗ ಹನ್ನೊಂದು ವರ್ಷ. ಎರಡು ವರ್ಷದಿಂದ ಆ ಊರಿನ ನಕ್ಷೆ ಬರೀತಾನೇ ಇದ್ದಾಳೆ. ಅಲ್ಲಿ ಚಿನ್ನಕ್ಕೆ ಬೆಲೆ ಇಲ್ಲ. ಬೆಲೆ ಇರೋದು ಮಿಂಚುಗಲ್ಲಿಗೆ. ಇಡೀ ಲೋಕದಲ್ಲಿ ಏಳೇ ತುಂಡು. ಒಂದೇ ಜಾಗಕ್ಕೆ ಮೂರು ಸಲ ಸಿಡಿಲು ಬಡಿದರೆ ಮಾತ್ರ ಅದು ಹುಟ್ಟುತ್ತೆ. ಹಗಲು ಕಪ್ಪಗಿರುತ್ತೆ, ಮಳೆಗೆ ಮುಂಚೆ ಒಳಗಿಂದ ನೀಲಿಯಾಗಿ ಹೊಳೆಯುತ್ತೆ. ಮುಟ್ಟಿದವರಿಗೆ ಶಕ್ತಿ ಬರುತ್ತೆ, ಆದರೆ ಪ್ರತಿ ಸಲ ಒಂದೊಂದು ನೆನಪು ಅಳಿಸಿಹೋಗುತ್ತೆ. ಏಳೂ ತುಂಡು ರಾಜನ ಹತ್ತಿರವೇ ಇವೆ, ಅದಕ್ಕೇ ಯುದ್ಧ.

ಇಷ್ಟು ಹೇಳದೆ ನಮ್ಮ ವಿಜಯಪುರದ ಪ್ರವಾಸದ ಕಥೆ ಹೇಳೋಕಾಗಲ್ಲ.

ಜನವರಿಯಲ್ಲಿ ಹೋಗಿದ್ದೆವು, ನಾವಿಬ್ಬರೇ. ರಾತ್ರಿ ರೈಲು, ಬೆಳಿಗ್ಗೆ ಊರು. ಗೋಳಗುಮ್ಮಟದ ಬಾಗಿಲಲ್ಲಿ ಒಬ್ಬ ಗೈಡ್ ಸಿಕ್ಕಿದ. ಕೇಳಿದಷ್ಟು ದುಡ್ಡು ಕೊಟ್ಟೆ. ಅವನು ಓಡಿಸಿಕೊಂಡೇ ಒಳಗೆ ಕರೆದುಕೊಂಡು ಹೋದ, ಮೂಲೆಯ ಗೋಪುರದ ಮೆಟ್ಟಿಲು ಹತ್ತಿಸಿದ, ಪಿಸುಮಾತಿನ ಗ್ಯಾಲರಿಯಲ್ಲಿ ಒಂದು ಸಲ ಚಪ್ಪಾಳೆ ತಟ್ಟಿದ, ಇಳಿಸಿದ. ಅರ್ಧ ಗಂಟೆಯಲ್ಲಿ ಮುಗಿಯಿತು. ಮೇಲೆ ಎರಡು ಶಾಲೆಯ ಮಕ್ಕಳು ಒಟ್ಟಿಗೆ ಕಿರುಚುತ್ತಿದ್ದರು. ನಡುವೆ ಒಂದು ಕಂಬವೂ ಇಲ್ಲದೆ ಹೊರಗಿನಿಂದ 44 ಮೀಟರ್ ಅಗಲದ ಗುಮ್ಮಟ ನಿಂತಿದೆ. ಅಂಥ ಕಡೆ ಬಂದು ಬರೀ ಕೂಗಿ ಹೋಗೋದು ನನಗಂತೂ ಸರಿ ಕಾಣಲ್ಲ. ಗೋಡೆಗೆ ಬಾಯಿ ಹತ್ತಿರ ಇಟ್ಟು ಮೆಲ್ಲಗೆ ಮಾತಾಡಿದರೂ ಆಚೆ ಕಡೆಯವರಿಗೆ ಕೇಳುತ್ತೆ. ಅದನ್ನು ಅನುಭವಿಸಬೇಕಾದರೆ ಬಾಗಿಲು ತೆಗೆದ ಕೂಡಲೇ ಹೋಗಿ.

ರಾತ್ರಿ ಒಂದು ಖಾನಾವಳಿಯಲ್ಲಿ ಊಟ. ಬಿಸಿ ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ, ಗಟ್ಟಿ ಮೊಸರು. ಆ ರೊಟ್ಟಿಗೋಸ್ಕರವೇ ಇನ್ನೊಮ್ಮೆ ಹೋಗ್ತೀನಿ. ಬಡಿಸುತ್ತಿದ್ದ ಅಕ್ಕ ಕೇಳಿದರು, "ಬಿಜ್ಲಿ ಪತ್ಥರ್ ನೋಡಿದ್ರೇನ್ರಿ?" ಹಾಗಂದರೆ ಏನು ಅಂತ ಕೇಳಿದೆ. "ಸಿಡ್ಲ ಕಲ್ಲ್ರೀ. ಗುಮ್ಮಟದ ಬಾಗಿಲ ಮ್ಯಾಲೇ ಜೋತಾಡ್ತದ."

ಮಗಳ ಕೈಯಲ್ಲಿ ರೊಟ್ಟಿ ಹಾಗೇ ನಿಂತಿತು. ಗೈಡ್ ಅದರ ಬಗ್ಗೆ ಒಂದು ಮಾತೂ ಆಡಿರಲಿಲ್ಲ. ಅದು ಈಗಲೂ ನನಗೆ ಬೇಜಾರೇ. ನೀವು ಹೋದರೆ ಒಳಗೆ ನುಗ್ಗಬೇಡಿ. ದಕ್ಷಿಣದ ಬಾಗಿಲಿಂದ ದೂರ ನಿಂತು ತಲೆ ಎತ್ತಿ ನೋಡಿ. ದುರ್ಬೀನು ಇದ್ದರೆ ಜೊತೆಗೆ ಇಟ್ಟುಕೊಳ್ಳಿ.

ಮರುದಿನ ಬೆಳಿಗ್ಗೆ ಮತ್ತೆ ಅಲ್ಲೇ ಇದ್ದೆವು. ಅಷ್ಟು ದೊಡ್ಡ ಗೋಡೆಯ ಮುಂದೆ ಕಬ್ಬಿಣದ ಸರಪಳಿಗೆ ಕಟ್ಟಿದ ಒಂದು ಸಣ್ಣ ಕಲ್ಲು. ಇಲ್ಲಿ ಸುಲ್ತಾನ ಮೊಹಮ್ಮದ್ ಆದಿಲ್ ಶಾ ಆಳುತ್ತಿದ್ದ ಕಾಲದಲ್ಲಿ (1627-1656) ಆಕಾಶದಿಂದ ಬಿದ್ದ ಉಲ್ಕೆ ಅಂತಾರೆ. ಕಟ್ಟಡಕ್ಕೆ ಸಿಡಿಲು ಬಡಿಯದಂತೆ ಕಾಯುತ್ತೆ ಅನ್ನೋ ನಂಬಿಕೆ. ಮಗಳು ಹುಲ್ಲಿನ ಮೇಲೆ ಮಲಗಿಬಿಟ್ಟಳು, ನೋಟ್‌ಬುಕ್ ಎದೆ ಮೇಲಿಟ್ಟುಕೊಂಡು.

ಪಕ್ಕದಲ್ಲಿ ಒಬ್ಬ ಅಜ್ಜ ಮೊಮ್ಮಗನ ಜೊತೆ ಕೂತಿದ್ದರು. ಬಿಳಿ ರುಮಾಲು, ಮಡಿಲಲ್ಲಿ ಬುತ್ತಿ ಗಂಟು. ಇಂಡಿ ಕಡೆಯವರಂತೆ.

"ಏನ್ ನೋಡಾಕತ್ತೀ ತಂಗಿ?"

"ಆ ಕಲ್ಲು ತಾತ. ನನ್ನ ಹತ್ರಾನೂ ಇಂಥದ್ದಿದೆ," ಅಂತ ಪುಟ ತೆರೆದು ತೋರಿಸಿದಳು. ಏಳು ತುಂಡು, ನೀಲಿ ಬೆಳಕು, ನೆನಪು ಹೋಗೋದು, ಯುದ್ಧ, ಎಲ್ಲ ಹೇಳಿದಳು. ಅವರು ನಗಲಿಲ್ಲ. ಬೆರಳಿಟ್ಟು ನಕ್ಷೆಯ ಮೇಲೆ ಊರು ಊರು ದಾಟಿದರು. ಉಗುರಿನ ಸಂದಿಯಲ್ಲಿ ಕರಿಮಣ್ಣು ಇತ್ತು.

"ಇದು ಅರಮನಿ. ಇದು ಕ್ವಾಟಿ. ಹೊಲ ಎಲ್ಲಿ ಅದಾವು?"

ಅವಳು ನಕ್ಷೆ ತಿರುಗಿಸಿ ತಿರುಗಿಸಿ ನೋಡಿದಳು. "ಹೊಲ ಬರೆದಿಲ್ಲ."

"ನಮ್ದು ನಾಕ ಎಕರೆ ಅದ. ಹಿಂಗಾರಿ ಜ್ವಾಳ ಹಾಕ್ತೀವಿ. ಒಂದ್ ವರ್ಷ ಮಳಿ ಬಂತಂತ ಜೋಡೆತ್ತ ಬೇವಿನ ಗಿಡದ ಬುಡಕ್ಕ ಕಟ್ಟಿದ್ದೆ. ಸಿಡ್ಲ ಹೊಡೀತು. ಎರಡೂ ಹೋದವು." ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಮೇಲೆ ಕೈ ತೋರಿಸಿದರು. "ಆ ಕಲ್ಲ ಇಲ್ಲಿ ಅದ, ಗುಮ್ಮಟ ಕಾಯ್ತದ. ನಿಂದು ಯಾರನ್ನ ಕಾಯ್ತದವ್ವಾ?"

"ರಾಜನ್ನ," ಅಂದಳು. ದನಿ ಸಣ್ಣದಾಗಿತ್ತು.

ಬಯಲಲ್ಲಿ ಒಂಟಿ ಮರಕ್ಕೇ ಸಿಡಿಲು ಬೀಳೋದು ಜಾಸ್ತಿ, ಅದರ ಕೆಳಗೆ ನಿಲ್ಲಬಾರದು ಅಂತ ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ. ಆದರೆ ಮಳೆ ಸುರಿಯುವಾಗ ಕಪ್ಪು ನೆಲದ ಹೊಲದಲ್ಲಿ ಬೇರೆ ಆಸರೆ ಎಲ್ಲಿರುತ್ತೆ? ಅಜ್ಜನಿಗೆ ನಾನು ಏನೂ ಹೇಳಲಿಲ್ಲ. ಅವರು ಬುತ್ತಿ ಬಿಚ್ಚಿ ಕಟಕ ರೊಟ್ಟಿ ಮುರಿದು ನಮಗೂ ಕೊಟ್ಟರು. ಮಗಳು ಶೇಂಗಾ ಹಿಂಡಿಯನ್ನು ಎರಡು ಸಲ ಕೇಳಿ ಹಾಕಿಸಿಕೊಂಡಳು.

ಆಮೇಲೆ ಮಲಿಕ್-ಇ-ಮೈದಾನ್ ತೋಪು ನೋಡಿದೆವು. 1549ರಲ್ಲಿ ಎರಕ ಹೊಯ್ದದ್ದು, 55 ಟನ್ ತೂಕ. ಸಂಜೆ ಇಬ್ರಾಹಿಂ ರೋಜಾ, ಇನ್ನೊಬ್ಬ ಸುಲ್ತಾನನ ಗೋರಿ. ನನಗೆ ಗುಮ್ಮಟಕ್ಕಿಂತ ಅದೇ ಜಾಸ್ತಿ ಇಷ್ಟವಾಯಿತು. ಆದರೆ ಮಗಳ ಗಮನ ಯಾವುದರ ಮೇಲೂ ಇರಲಿಲ್ಲ.

ವಾಪಸ್ ಬರುವಾಗ ರೈಲಿನಲ್ಲಿ ರಬ್ಬರ್ ತೆಗೆದಳು. ಅರಮನೆಯ ಖಜಾನೆಯಿಂದ ಆರು ಕಲ್ಲು ಅಳಿಸಿದಳು. ಕೋಟೆ ಹೊರಗೆ ಪೆನ್ಸಿಲ್‌ನಿಂದ ಸಾಲು ಸಾಲು ಗೆರೆ ಎಳೆದಳು, ಮೂಲೆಗೊಂದು ಬೇವಿನ ಮರ.

"ಅಪ್ಪಾ, ಒಂದು ಕಲ್ಲು ಎಷ್ಟು ಎಕರೆ ಕಾಯ್ಬೇಕು?"

"ನಿನ್ನ ಲೋಕ ಅಲ್ವಾ, ನೀನೇ ಹೇಳು."

ಯೋಚಿಸಿದಳು. ಮರದ ಕೊಂಬೆಗೆ ಸರಪಳಿ ಬರೆದಳು, ಅದರ ತುದಿಗೆ ಒಂದು ಕಲ್ಲು. ಪಕ್ಕದಲ್ಲಿ 4 ಅಂತ ಬರೆದು ಸುತ್ತ ಗೆರೆ ಎಳೆದಳು.