ವಾರ್ಸಾದಲ್ಲಿ ಎದುರುಬದುರು ಎರಡು ಕಚೇರಿ

ಕಮ್ಯುನಿಸ್ಟ್ ಆಡಳಿತದ ಕೊನೆಯಲ್ಲಿ ಪೋಲೆಂಡನ್ನು ಮಾರುಕಟ್ಟೆಯ ದಾರಿಗೆ ತಂದ ಅರ್ಥಶಾಸ್ತ್ರಜ್ಞ ಲೆಷೆಕ್ ಬಾಲ್ಸೆರೋವಿಚ್ ಅವರ ವೃತ್ತಿಜೀವನದ ಜಾಡು ಹಿಡಿದು ಹೊರಟರೆ ವಾರ್ಸಾದಲ್ಲಿ ಒಂದು ದಿನ ಸಾಕು. ದಿನದ ಟಿಕೆಟ್ ಕೊಂಡು ಮೊದಲು ಯಂತ್ರದಲ್ಲಿ ಮುದ್ರೆ ಹಾಕಿಸಿ. ಮುದ್ರೆ ಬೀಳದ ಟಿಕೆಟ್ ಕೈಯಲ್ಲಿದ್ದರೂ ದಂಡ ತಪ್ಪುವುದಿಲ್ಲ.

ಪೋಲೆ ಮೊಕೊತೊವ್‌ಸ್ಕಿಯೆ ಮೆಟ್ರೊ ನಿಲ್ದಾಣದಿಂದ ಮೇಲೆ ಬಂದರೆ ಎಸ್‌ಜಿಎಚ್, ಅಂದರೆ ವಾರ್ಸಾದ ಅರ್ಥಶಾಸ್ತ್ರ ವಿಶ್ವವಿದ್ಯಾಲಯ. 1970ರಲ್ಲಿ ಅವರು ಪದವಿ ಪಡೆದಾಗ ಇದು ‘ಯೋಜನೆ ಮತ್ತು ಸಂಖ್ಯಾಶಾಸ್ತ್ರ’ದ ಶಾಲೆ, 1991ರಲ್ಲಿ ‘ಯೋಜನೆ’ ಎಂಬ ಪದ ಹೆಸರಿನಿಂದ ಹೋಯಿತು. 1978ರಿಂದ ಕಿರಿಯ ಅರ್ಥಶಾಸ್ತ್ರಜ್ಞರ ಗುಂಪು ಕಟ್ಟಿಕೊಂಡು ಅವರು ಆರ್ಥಿಕ ಸುಧಾರಣೆಯ ಕರಡು ತಿದ್ದುತ್ತಿದ್ದದ್ದು ಇಲ್ಲೇ. 1989ರ ಸೆಪ್ಟೆಂಬರಿನಲ್ಲಿ ಹಣಕಾಸು ಸಚಿವರಾಗಿ ಡಿಸೆಂಬರಿನೊಳಗೇ ಮಸೂದೆಗಳ ಕಟ್ಟನ್ನು ಸಂಸತ್ತಿನಲ್ಲಿ ಪಾಸು ಮಾಡಿಸಿದ್ದು ಆ ಹಳೆಯ ಪೂರ್ವಸಿದ್ಧತೆಯ ಬಲದಿಂದ.

ಮುಂದಿನದು ಶ್ವಿಯೆಂತೊಕ್ಷಿಸ್ಕ ರಸ್ತೆ. 12ನೇ ಸಂಖ್ಯೆ ಹಣಕಾಸು ಸಚಿವಾಲಯ, ಎದುರಿನ 11/21 ಪೋಲೆಂಡಿನ ಕೇಂದ್ರ ಬ್ಯಾಂಕ್. ಇತ್ತ ಎರಡು ಬಾರಿ ಸಚಿವರು. ಅತ್ತ 2001ರಿಂದ 2007ರವರೆಗೆ ಅಧ್ಯಕ್ಷರು. ರಸ್ತೆ ದಾಟುವಷ್ಟೇ ದೂರ.

1990ರ ಜನವರಿ 1ರಂದು ಹೆಚ್ಚಿನ ಬೆಲೆಗಳ ಮೇಲಿನ ಹತೋಟಿ ತೆಗೆದರು, ಸಬ್ಸಿಡಿ ಕತ್ತರಿಸಿದರು. ಪೋಲೆಂಡಿನ ಹಣವಾದ ಝ್ಲೋಟಿಗೆ, ಡಾಲರಿಗೆ 9,500 ಎಂದು ದರ ಕಟ್ಟಿದರು. ಆ ದರ ಕುಸಿಯದಂತೆ ಬೆನ್ನಿಗೆ 100 ಕೋಟಿ ಡಾಲರಿನ ಸ್ಥಿರೀಕರಣ ನಿಧಿ. ಬೆಲೆಯ ಹಿಂದೆ ಸಂಬಳ ಓಡದಂತೆ ‘ಪೊಪಿವೆಕ್’ ತೆರಿಗೆ: ಜನವರಿಯಲ್ಲಿ ಬೆಲೆ ಶೇ. 100 ಏರಿದರೆ ಕಾರ್ಖಾನೆಯ ಒಟ್ಟು ಸಂಬಳ ಶೇ. 30 ಮಾತ್ರ ಏರಬಹುದು, ಮುಂದಿನ ತಿಂಗಳುಗಳಲ್ಲಿ ಶೇ. 20. ಮೀರಿದರೆ ಮೀರಿದ ಮೊತ್ತದ ಹಲವು ಪಟ್ಟು ತೆರಿಗೆ. ಲೆಕ್ಕ ತಪ್ಪಿದ್ದು ಬೆಲೆಯಲ್ಲಿ. ಜನವರಿಯ ಏರಿಕೆ ಸುಮಾರು ಶೇ. 45 ಎಂದುಕೊಂಡಿದ್ದರು, ಆದದ್ದು ಶೇ. 80ರ ಹತ್ತಿರ. ಕಲ್ಲಿದ್ದಲು, ವಿದ್ಯುತ್ತಿನ ದರ ಒಂದೇ ಏಟಿಗೆ ಹಲವು ಪಟ್ಟಾಗಿತ್ತು. ಪೈಪೋಟಿಯೇ ಇಲ್ಲದ ಸರ್ಕಾರಿ ಕಾರ್ಖಾನೆಗಳು ಉತ್ಪಾದನೆ ಇಳಿಸಿ ಬೆಲೆ ಏರಿಸಿ ಕೂತವು. ಮಾರ್ಚಿಗೆ ತಿಂಗಳ ಏರಿಕೆ ಶೇ. 5ರ ಒಳಗೆ ಬಂತು, ಅದನ್ನೂ ಹೇಳಬೇಕು.

ಕೇಂದ್ರ ಬ್ಯಾಂಕಿನ ಕಟ್ಟಡದಲ್ಲೇ ಹಣದ ಮ್ಯೂಸಿಯಂ ಇದೆ, ಪ್ರವೇಶ ಉಚಿತ. ಹಳೆಯ ನೋಟುಗಳಲ್ಲಿ ನೋಡಲೇಬೇಕಾದದ್ದು 1992ರ 20 ಲಕ್ಷ ಝ್ಲೋಟಿಯದು. ಮೊದಲ ಸರಣಿಯಲ್ಲಿ ‘ಸಾಂವಿಧಾನಿಕ’ ಎಂಬ ಪೋಲಿಷ್ ಪದದ ಒಂದು ಅಕ್ಷರವೇ ಬಿಟ್ಟುಹೋಗಿದೆ! 1995ರಲ್ಲಿ ನಾಲ್ಕು ಸೊನ್ನೆ ತೆಗೆದ ಮೇಲೆ ಅದರ ಬೆಲೆ 200 ಝ್ಲೋಟಿ. ಹಳೆಯ ನೋಟು 2010ರ ಕೊನೆಯ ನಂತರ ಬರೀ ಕಾಗದ, ಆದ್ದರಿಂದ ಬೀದಿಯಲ್ಲಿ ಯಾರಾದರೂ ಸೊನ್ನೆಗಳ ಸಾಲಿರುವ ನೋಟು ಕೊಟ್ಟರೆ ಮುಟ್ಟಬೇಡಿ. ಹಣ ಬದಲಾಯಿಸಲು ‘ಕಾಂತೋರ್’ ಅಂಗಡಿಗೆ ಹೋಗಿ. ನೀವು ಡಾಲರ್ ಕೊಡುವಾಗ ನೋಡಬೇಕಾದ್ದು ‘ಕುಪ್ನೊ’ ಸಾಲು, ಅಂದರೆ ಅಂಗಡಿಯವರು ಕೊಳ್ಳುವ ದರ.

ನೋವಿ ಶ್ವಿಯಾತ್ ಹಿಡಿದು ನಡೆದರೆ ಮೂಲೆಯಲ್ಲಿ ಬೂದು ಬಣ್ಣದ ದೊಡ್ಡ ಕಟ್ಟಡ, ಕಮ್ಯುನಿಸ್ಟ್ ಪಕ್ಷದ ಹಳೆಯ ಕೇಂದ್ರ ಕಚೇರಿ. 1991ರ ಏಪ್ರಿಲ್ 16ರಂದು ಷೇರುಪೇಟೆ ಶುರುವಾದದ್ದು ಇದರೊಳಗೆ: ಐದು ಕಂಪನಿ, ಷೇರು ಕೊಳ್ಳುವ-ಮಾರುವ 112 ಆದೇಶ. ದಲ್ಲಾಳಿಗಳು ಕೆಂಪು ಪಟ್ಟಿಯ ಸಸ್ಪೆಂಡರ್ ಹಾಕುತ್ತಿದ್ದರು. ಆ ಮನೆಯಲ್ಲಿ ಉಳಿದ ಕೆಂಪು ಅದೊಂದೇ ಇರಬೇಕು. ಈಗ ಪೇಟೆ ಹತ್ತಿರದ ಕ್ಶೊಂಜೆಂತ್ಸ ರಸ್ತೆಯಲ್ಲಿದೆ.

ನಗರದಲ್ಲಿ ಲಾಭದ ಬದಿ ಕಾಣುತ್ತದೆ. ಇನ್ನೊಂದು ಬದಿಗೆ ಗ್ದಾನ್ಸ್ಕ್ ದಾಟಿ ಸ್ವುಪ್ಸ್ಕ್‌ವರೆಗೆ ರೈಲು ಹಿಡಿಯಬೇಕು. 1991ರ ಕಾನೂನಿನಿಂದ ಮುಚ್ಚಿದ ಸರ್ಕಾರಿ ಕೃಷಿಕ್ಷೇತ್ರಗಳ ಕೂಲಿಕಾರರಿಗೆ ಕಟ್ಟಿದ್ದ ಫ್ಲ್ಯಾಟುಗಳು ಹೊಲದ ನಡುವೆ ಇನ್ನೂ ನಿಂತಿವೆ. ಮನೆ ಅಲ್ಲೇ ಉಳಿಯಿತು, ಕೆಲಸ ಹೋಯಿತು. ‘ಬಾಲ್ಸೆರೋವಿಚ್ ತೊಲಗಬೇಕು’ ಎಂಬ ರೈತ ನಾಯಕ ಆಂದ್ರೆಯ್ ಲೆಪ್ಪೆರ್ ಕೂಗಿಗೆ ಓಗೊಟ್ಟದ್ದು ಇಂಥ ಊರುಗಳೇ. ವಾರದ ದಿನದಲ್ಲೇ ಹೋಗಿ, ಹಿಂದಿರುಗುವ ಬಸ್ಸಿನ ವೇಳೆ ಮೊದಲೇ ಬರೆದುಕೊಳ್ಳಿ. ಹಲವು ಹಳ್ಳಿಗಳಿಗೆ ಭಾನುವಾರ ಬಸ್ಸೇ ಇಲ್ಲ.