ಗ್ರೂಪ್ ಬಿಟ್ಟ ಗೆಳತಿ

3 ಆಗಸ್ಟ್ 2025, ಭಾನುವಾರ
ಬಿಜೈ, ಮಂಗಳೂರು

ಸಂಜೆ ಮೇಲಿನ ಮನೆಯ ಅಕ್ಕ ಪತ್ರೊಡೆಯ ತಟ್ಟೆ ಹಿಡಿದು ಕೆಳಗೆ ಬಂದರು. ಆಟಿ ತಿಂಗಳಲ್ಲಿ ಇದು ಹೊಸತೇನಲ್ಲ. ಆದರೆ ಇವತ್ತು ತಟ್ಟೆ ಇಟ್ಟವರು ಹೋಗಲಿಲ್ಲ. ಕುರ್ಚಿ ಎಳೆದು ಕೂತು ಫೋನು ನನ್ನ ಕೈಗೆ ಕೊಟ್ಟರು.

"ಇದು ನೋಡು ಮಾರಾಯ. ಅವಳು ಗ್ರೂಪ್ ಬಿಟ್ಟಿದ್ದಾಳೆ."

ಅವಳು ಅಂದರೆ ದುಬೈಯ ಗೆಳತಿ, ಹತ್ತನೇ ಕ್ಲಾಸಿನವರೆಗೆ ಅಕ್ಕನೊಟ್ಟಿಗೆ ಒಂದೇ ಬೆಂಚಿನಲ್ಲಿ ಕೂತವಳು. ಗ್ರೂಪ್ ಆ ಬ್ಯಾಚಿನದ್ದೇ, ಅಕ್ಕ ಅದರ ಅಡ್ಮಿನ್. ವಾಟ್ಸಾಪಿನಲ್ಲಿ 2022ರಿಂದ ಯಾರಾದರೂ ಗ್ರೂಪ್ ಬಿಟ್ಟರೆ ಅಡ್ಮಿನ್‌ಗಳಿಗೆ ಮಾತ್ರ ಸೂಚನೆ ಬರುತ್ತದೆ. ಉಳಿದವರು ಸದಸ್ಯರ ಪಟ್ಟಿಯ ಕೊನೆಗೆ ಹೋಗಿ ಹುಡುಕಿದರೆ, ಕಳೆದ 60 ದಿನಗಳಲ್ಲಿ ಹೊರಗೆ ಹೋದವರ ಹೆಸರು ಸಿಗುತ್ತದೆ. ಅಷ್ಟು ಹುಡುಕುವವರು ಯಾರು? ಬೆಳಿಗ್ಗೆಯಿಂದ ಅಲ್ಲಿ ಸ್ನೇಹಿತರ ದಿನದ ಹೂಗಳು ಬಂದು ಬೀಳುತ್ತಲೇ ಇವೆ. ಒಬ್ಬಳು ಎದ್ದು ಹೋದದ್ದು ಅಕ್ಕನಿಗೊಬ್ಬರಿಗೇ ಗೊತ್ತು.

"ಪುನಃ ಸೇರಿಸಲಾ?"

"ಬೇಡ ಅಕ್ಕ. ಲಿಂಕ್ ಸಹ ಕಳಿಸಬೇಡಿ."

ಮೇಲೆ ಸರಿಸುತ್ತಾ ಹೋದೆ. ಜೂನ್‌ನಲ್ಲಿ ಆಕೆಯ ಅಮ್ಮ ತೀರಿಕೊಂಡ ಸುದ್ದಿ, ಒಂದು ಫೋಟೋ. ಕೆಳಗೆ ಸಾಲಾಗಿ ಓಂ ಶಾಂತಿ, ಎಣಿಸಿದರೆ 41. ನಡುವೆ ಯಾರದ್ದೋ ಶುಭೋದಯದ ಸೂರ್ಯ. ಆಮೇಲೆ ಬೊಜ್ಜದ, ಅಂದರೆ ಉತ್ತರಕ್ರಿಯೆಯ, ಕಾಗದದ ಫೋಟೋ, ಅದಕ್ಕೆ ಕೈಮುಗಿದ ಚಿತ್ರಗಳು. ಅಕ್ಕನ ಓಂ ಶಾಂತಿ ಒಂಬತ್ತನೆಯದು.

"ಫೋನ್ ಮಾಡಿದ್ರಾ ಆಗ?"

"ಗ್ರೂಪಿನಲ್ಲಿ ಹಾಕಿದ್ದೆನಲ್ಲ…" ಅಂದರು. ಆಮೇಲೆ ಮಾತಾಡಲಿಲ್ಲ.

ಅಕ್ಕ ಕಲ್ಲುಮನಸ್ಸಿನವರಲ್ಲ. ಕೇರಿಯಲ್ಲಿ ಯಾರಿಗೆ ಜ್ವರ ಬಂದರೂ ಗಂಜಿ ಮೊದಲು ಹೋಗುವುದು ಇವರ ಮನೆಯಿಂದ. ಗ್ರೂಪಿನ ಕೆಲಸವೇ ಹಾಗೆ. ಮೊದಲ ಹತ್ತು ಜನ ಬರೆದದ್ದು ಕಂಡರೆ ಹನ್ನೊಂದನೆಯವರಿಗೆ ಹೇಳಬೇಕಾದದ್ದು ಹೇಳಿ ಆಯ್ತು ಅನಿಸುತ್ತದೆ. ಬರೆದ ಕೂಡಲೇ ಹೊಣೆ ಇಳಿಯುತ್ತದೆ. ಸಾವಿನ ಮನೆಯಲ್ಲಿ ಆ ದಿನ ಫೋನು ಯಾವ ಭಾವನ ಕೈಯಲ್ಲಿರುತ್ತದೋ, ಆ ಸಾಲುಗಳನ್ನು ಓದುವವರೇ ಇರುವುದಿಲ್ಲ. ಓದುವುದು ಆಮೇಲೆ, ರಾತ್ರಿ ನಿದ್ದೆ ಬಾರದಾಗ. ಆಗ ಎಲ್ಲರದ್ದೂ ಅದೇ ಎರಡು ಶಬ್ದ.

ಬೊಜ್ಜದವರೆಗೆ ಮನೆ ತುಂಬ ಜನ ಇರುತ್ತಾರೆ. ಶಾಮಿಯಾನ ಬಿಚ್ಚಿ, ಬಾಡಿಗೆ ಪಾತ್ರೆ ಹಿಂದೆ ಹೋಗಿ, ನೆಂಟರು ಬಸ್ಸು ಹತ್ತಿದ ಮೇಲೆ ಮನೆ ಖಾಲಿ. ಫೋನ್ ಬರಬೇಕಾದದ್ದು ಆಗ. ಸುದ್ದಿ ಬಂದ ದಿನವೇ ಫೋನಿನ ಕ್ಯಾಲೆಂಡರಿನಲ್ಲಿ ಮೂರು ಕಡೆ ಹೆಸರು ಬರೆದಿಡಬೇಕು: ಬೊಜ್ಜ ಕಳೆದು ಮೂರನೇ ದಿನ, ತಿಂಗಳು ತುಂಬುವ ದಿನ, ವರ್ಷಾಂತಿಕದ ಹಿಂದಿನ ದಿನ. ನೆನಪನ್ನು ನಂಬಿ ಕೂತರೆ ಆಗುವುದಿಲ್ಲ, ಮೂರನೇ ದಿನಕ್ಕೆ ನಮ್ಮ ಕೆಲಸ ನಮ್ಮನ್ನು ಎಳೆದಿರುತ್ತದೆ.

"ಆದ್ರೆ ಅವಳ ಸ್ಟೇಟಸ್ ನಾನು ದಿನಾ ನೋಡ್ತೇನೆ," ಅಂದರು ಅಕ್ಕ.

ಇಲ್ಲೇ ಪೆಟ್ಟು. ಸ್ಟೇಟಸ್ 24 ಗಂಟೆ ಇರುತ್ತದೆ. ಹಾಕಿದವರಿಗೆ ಯಾರು ನೋಡಿದರು ಅಂತ ಪಟ್ಟಿ ಸಿಗುತ್ತದೆ, ನೋಡಿದವರಿಗೆ ಭೇಟಿ ಆದ ಹಾಗೆ ಅನಿಸುತ್ತದೆ. ಮಗಳ ಕಾಲೇಜು, ಹೊಸ ಕಾರು, ಊಟದ ಬಟ್ಟಲು ಎಲ್ಲ ಮೊದಲೇ ಗೊತ್ತಿದ್ದರೆ ಎದುರು ಸಿಕ್ಕಾಗ "ಮತ್ತೆ ಎಂತ ವಿಶೇಷ?" ಕೇಳಲಿಕ್ಕೆ ಬಾಯಿ ಬರುವುದಿಲ್ಲ. ವಿಶೇಷ ತಿಳಿಯಲಿಕ್ಕೆಂದೇ ಯಾರೂ ಆ ಪ್ರಶ್ನೆ ಕೇಳುತ್ತಿರಲಿಲ್ಲ. ಮಾತಿಗೆ ಬಾಗಿಲು ಅದು. ಕಂಡ ಚಿತ್ರಕ್ಕೆ ಹೃದಯ ಒತ್ತಿ ಸುಮ್ಮನಾಗುವ ಬದಲು ಅದನ್ನೇ ಹಿಡಿದು ಕೇಳಬಹುದು: ಆ ಫೋಟೋದಲ್ಲಿ ಹಿಂದೆ ನಿಂತವರು ನಿನ್ನ ಅಣ್ಣನಾ? ಒಂದೇ ಶಬ್ದದಲ್ಲಿ ಉತ್ತರಿಸಲಾಗದ ಪ್ರಶ್ನೆ ಆದರೆ ಇನ್ನೂ ಒಳ್ಳೆಯದು.

ಬ್ರಿಟನ್ನಿನ ಮಾನವಶಾಸ್ತ್ರಜ್ಞ ರಾಬಿನ್ ಡನ್‌ಬಾರ್ ಹೇಳುವ ಲೆಕ್ಕ ಒಂದುಂಟು. ಮನುಷ್ಯನಿಗೆ ತೀರಾ ಹತ್ತಿರದವರು 5, ಆಪ್ತರು 15, ಒಳ್ಳೆಯ ಸ್ನೇಹಿತರು 50, ಗುರುತು ಉಳಿಸಿಕೊಳ್ಳಬಲ್ಲವರು ಸುಮಾರು 150. ಫೇಸ್‌ಬುಕ್ 5,000 ಗೆಳೆಯರಿಗೆ ಜಾಗ ಕೊಡುತ್ತದೆ, ವಾಟ್ಸಾಪ್ ಗ್ರೂಪಿಗೆ 1,024 ಜನ ಹಿಡಿಯುತ್ತಾರೆ. ಜಾಗ ದೊಡ್ಡದಾಯಿತು, ದಿನಕ್ಕೆ ಗಂಟೆ ಇಪ್ಪತ್ತನಾಲ್ಕೇ.

ಗಂಟೆಯ ಲೆಕ್ಕವೂ ಉಂಟು. ಅಮೆರಿಕದ ಕಾನ್ಸಾಸ್ ವಿಶ್ವವಿದ್ಯಾಲಯದ ಜೆಫ್ರಿ ಹಾಲ್ 2018ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ ಪರಿಚಯ ಸಾಧಾರಣ ಗೆಳೆತನ ಆಗಲಿಕ್ಕೆ ಸುಮಾರು 50 ಗಂಟೆ, ಗೆಳೆತನ ಅನ್ನಿಸಿಕೊಳ್ಳಲಿಕ್ಕೆ 90, ಆಪ್ತತೆಗೆ 200ಕ್ಕಿಂತ ಹೆಚ್ಚು. ಕೆಲಸದ ಜಾಗದಲ್ಲಿ ಒಟ್ಟಿಗೆ ಕಳೆದ ಹೊತ್ತಿಗೆ ಬೆಲೆ ಕಡಿಮೆ, ಬಿಡುವಿನಲ್ಲಿ ಒಟ್ಟಿಗಿದ್ದದ್ದೇ ಲೆಕ್ಕಕ್ಕೆ ಬರುವುದು. ಉಡುಪಿಯಿಂದ ಮಂಗಳೂರಿಗೆ ದಿನಾ ಎಕ್ಸ್‌ಪ್ರೆಸ್ ಬಸ್ಸಿನಲ್ಲಿ ಒಟ್ಟಿಗೆ ಕಾಲೇಜಿಗೆ ಬರುವ ಇಬ್ಬರನ್ನು ತೆಗೆದುಕೊಳ್ಳಿ. ಹೋಗಿ ಬರಲು ಎರಡು ಗಂಟೆ ಅಂತ ಕಡಿಮೆಗೇ ಹಿಡಿದರೂ ನೂರು ದಿನಕ್ಕೆ 200 ಗಂಟೆ. ಬೇರೇನೂ ಮಾಡಬೇಕಾಗಿಲ್ಲ, ಪಕ್ಕದ ಸೀಟು ಹಿಡಿದಿಟ್ಟರೆ ಸಾಕು. ಅದೇ ಇಬ್ಬರು ನಲವತ್ತರ ನಂತರ ಪರಿಚಯವಾಗಿ ತಿಂಗಳಿಗೊಮ್ಮೆ ಎರಡು ಗಂಟೆ ಸಿಕ್ಕಿದರೆ 200 ಗಂಟೆಗೆ ಎಂಟು ವರ್ಷ ದಾಟುತ್ತದೆ. ಬೆಂಚಿನ ಗೆಳತಿಯನ್ನು ಕಳೆದುಕೊಂಡರೆ ಬದಲಿ ಸಿಗುವುದಿಲ್ಲ ಅನ್ನುವುದು ಬರೀ ಭಾವನೆಯ ಮಾತಲ್ಲ.

ಮಂಡ್ಯದ ಹಲ್ಲೆಗೆರೆ ಮೂಲದ ವಿವೇಕ್ ಮೂರ್ತಿ ಅಮೆರಿಕದ ಸರ್ಜನ್ ಜನರಲ್ (ಸಾರ್ವಜನಿಕ ಆರೋಗ್ಯದ ಉನ್ನತ ಅಧಿಕಾರಿ) ಆಗಿದ್ದಾಗ, 2023ರಲ್ಲಿ, ಒಂಟಿತನವನ್ನು ಸಾರ್ವಜನಿಕ ಆರೋಗ್ಯದ ಸಮಸ್ಯೆ ಅಂತ ಸಲಹಾಪತ್ರ ಹೊರಡಿಸಿದ್ದರು. ಈ ಜೂನ್ 30ರಂದು ವಿಶ್ವ ಆರೋಗ್ಯ ಸಂಸ್ಥೆಯ ಆಯೋಗದ ವರದಿ ಬಂತು, ಅದರ ಸಹ ಅಧ್ಯಕ್ಷರೂ ಅವರೇ: ಜಗತ್ತಿನಲ್ಲಿ 6ರಲ್ಲಿ 1 ಜನಕ್ಕೆ ಒಂಟಿತನ. ಅಕ್ಕನಿಗೆ ಇದನ್ನು ಹೇಳಲಿಲ್ಲ. ಅವರಿಗೆ ಬೇಕಾದದ್ದು ಈಗ ಮಾಡಬೇಕಾದ ಕೆಲಸ.

ದುಬೈಗೆ ವಾಟ್ಸಾಪ್ ಕರೆ ಹೋಗುವುದಿಲ್ಲ. ಯುಎಇಯಲ್ಲಿ ಮೆಸೇಜ್, ಫೋಟೋ, ವಾಯ್ಸ್ ಮೆಸೇಜಿಗೆ ಅಡ್ಡಿ ಇಲ್ಲ. ಕರೆಗೆ ಅಲ್ಲಿ ಪರವಾನಗಿ ಇರುವ ಬೋಟಿಮ್‌ನಂಥ ಆ್ಯಪ್ ಬೇಕು, ಅದು ಎರಡೂ ಕಡೆ ಇರಬೇಕು. ಹಾಗಾಗಿ ಮೊದಲು ವಾಯ್ಸ್ ಮೆಸೇಜ್. ಮೈಕ್ ಒತ್ತಿ ಮೇಲಕ್ಕೆ ಸರಿಸಿದರೆ ಲಾಕ್ ಆಗುತ್ತದೆ, ಬೆರಳು ಹಿಡಿದೇ ಇರಬೇಕಾಗಿಲ್ಲ. ಕಳಿಸುವ ಮೊದಲು ಕೇಳಿ ನೋಡಬಹುದು. ಒಂದು ನಿಮಿಷ ದಾಟುವುದು ಬೇಡ. ಯಾಕೆ ಗ್ರೂಪ್ ಬಿಟ್ಟೆ ಅಂತ ಕೇಳಬಾರದು, ಆಗ ಆಕೆಯೇ ಉತ್ತರ ಕೊಡಬೇಕಾಗುತ್ತದೆ. ಬ್ಯುಸಿ ಇದ್ದೆ ಅಂತ ನೆಪವೂ ಬೇಡ. ಆಗ ಫೋನ್ ಮಾಡಬೇಕಿತ್ತು, ಮಾಡಲಿಲ್ಲ, ತಪ್ಪಾಯ್ತು ಅಂದು, ಅಮ್ಮನ ಬಗ್ಗೆ ಅಕ್ಕನಿಗೆ ಮಾತ್ರ ಗೊತ್ತಿರುವ ಒಂದು ಸಂಗತಿ ಹೇಳಬೇಕು. ಕೊನೆಗೆ, ಉತ್ತರ ಕೊಡಬೇಕೆಂದಿಲ್ಲ, ಬರುವ ಭಾನುವಾರ ಇಷ್ಟು ಗಂಟೆಗೆ ಫೋನ್ ಮಾಡುತ್ತೇನೆ ಅಂತ ಸಮಯ ಹೇಳಿ ನಿಲ್ಲಿಸಬೇಕು. "ಯಾವಾಗಾದ್ರೂ ಮಾತಾಡುವ" ಅಂದರೆ ಆ ಯಾವಾಗ ಬರುವುದೇ ಇಲ್ಲ.

ಸಮಯಕ್ಕೂ ಲೆಕ್ಕ ಉಂಟು. ದುಬೈ ನಮಗಿಂತ ಒಂದೂವರೆ ಗಂಟೆ ಹಿಂದೆ, ಕುವೈತ್ ಮತ್ತು ಸೌದಿ ಎರಡೂವರೆ ಗಂಟೆ. ಯುಎಇ 2022ರಿಂದ ವಾರದ ರಜೆಯನ್ನು ಶನಿವಾರ, ಭಾನುವಾರಕ್ಕೆ ತಂದಿದೆ. ಕುವೈತ್, ಸೌದಿಯಲ್ಲಿ ಈಗಲೂ ಶುಕ್ರವಾರ, ಶನಿವಾರ. ನಮ್ಮ ಭಾನುವಾರ ಅಲ್ಲಿ ಕೆಲಸದ ದಿನ. ಊರಿನವರು ಭಾನುವಾರ ಸಂಜೆ ಫೋನ್ ಮಾಡಿ "ಎತ್ತುವುದೇ ಇಲ್ಲ" ಅಂತ ಬೇಸರ ಮಾಡಿಕೊಳ್ಳುವುದಕ್ಕೆ ಅರ್ಧ ಕಾರಣ ಇದು.

"ಮತ್ತೆ ಈ ಗ್ರೂಪ್ ಎಂತ ಮಾಡುವುದು?"

ಮುಚ್ಚಬೇಕೆಂದಿಲ್ಲ. ಸುದ್ದಿಗೆ ಗ್ರೂಪ್ ಬೇಕು. ಮೆಸೇಜ್ ಕಳಿಸುವ ಅವಕಾಶ ಅಡ್ಮಿನ್‌ಗಳಿಗೆ ಮಾತ್ರ ಅಂತ ಮಾಡಿ, ಇಬ್ಬರು ಮೂವರನ್ನು ಅಡ್ಮಿನ್ ಮಾಡಿದರೆ ಸೂರ್ಯ, ಹೂವು, ರಾಜಕೀಯ ಎಲ್ಲ ನಿಲ್ಲುತ್ತದೆ. ಬ್ರಾಡ್‌ಕಾಸ್ಟ್ ಲಿಸ್ಟ್ ಮಾಡುವ ಅಂದರು ಅಕ್ಕ, ಒಂದೇ ಮೆಸೇಜ್ ಎಲ್ಲರಿಗೂ ಬೇರೆ ಬೇರೆಯಾಗಿ ಹೋಗುವಂಥದ್ದು. ಅದಕ್ಕೆ 256 ಜನರ ಮಿತಿ, ಜೊತೆಗೆ ನಿಮ್ಮ ನಂಬರ್ ಸೇವ್ ಮಾಡಿಕೊಂಡವರಿಗೆ ಮಾತ್ರ ಅದು ತಲುಪುತ್ತದೆ. ಹಳೆ ಬ್ಯಾಚಿನವರಲ್ಲಿ ಎಷ್ಟು ಜನ ಸೇವ್ ಮಾಡಿದ್ದಾರೋ? ಬ್ಯಾಚಿನವರು ಒಂದು ಕಡೆ ಸೇರುವುದಾದರೆ ಮೂರೇ ತಾರೀಕು ಕೊಟ್ಟು ಪೋಲ್ ಹಾಕಬೇಕು. 12 ಆಯ್ಕೆ ಕೊಡಬಹುದು, ಆದರೆ ವೋಟು ಚದುರಿ ಯಾವುದೂ ಗಟ್ಟಿಯಾಗುವುದಿಲ್ಲ. ಉಡುಪಿಯವರಿಗೂ ಇಲ್ಲಿಯವರಿಗೂ ಮೂಲ್ಕಿ ಸಮದೂರ, ಎಕ್ಸ್‌ಪ್ರೆಸ್ ಬಸ್ಸು ನಿಲ್ಲುತ್ತದೆ. ಪಣಂಬೂರು ಬೀಚು ಈ ಮಳೆಗೆ ಬೇಡವೇ ಬೇಡ.

ಚಾಟ್ ಪಟ್ಟಿಯ ಮೇಲೆ ಮೂರು ಹೆಸರು ಪಿನ್ ಮಾಡಬಹುದು. ಅಕ್ಕನ ಫೋನಿನಲ್ಲಿ ಮೂರೂ ಗ್ರೂಪುಗಳೇ ಇದ್ದವು. ಒಂದೊಂದಾಗಿ ತೆಗೆದೆವು. ಮೊದಲು ದುಬೈಯ ಹೆಸರು, ಎರಡನೆಯದು ಬ್ರಹ್ಮಾವರದ ತಂಗಿ. ಮೂರನೆಯದಕ್ಕೆ ಅಕ್ಕ ತುಂಬ ಹೊತ್ತು ಯೋಚಿಸಿದರು. ಆಮೇಲೆ ಹೇಳ್ತೇನೆ ಅಂತ ಎದ್ದರು.

ಈಗ ಒಂಬತ್ತು ಗಂಟೆ, ಅಲ್ಲಿ ಏಳೂವರೆ. ಮೇಲಿನಿಂದ ಅಕ್ಕನ ಸ್ವರ ಕೇಳುತ್ತಿದೆ. "ಅಮ್ಮ ಅವತ್ತು ನಮ್ಮಿಬ್ಬರಿಗೂ ಒಂದೇ ಕೊಡೆ ಕೊಟ್ಟು…" ಅನ್ನುತ್ತಾರೆ, ನಿಲ್ಲಿಸುತ್ತಾರೆ, ಮೊದಲಿನಿಂದ ಶುರು ಮಾಡುತ್ತಾರೆ. ಇದು ಮೂರನೇ ಸಲ. ಮಳೆ ಮತ್ತೆ ಜೋರಾಗಿದೆ, ಮುಂದಿನದು ಕೇಳಿಸುತ್ತಿಲ್ಲ.