ಕೊಲಂಬೊ ಕುಸಿದಿರಲಿಲ್ಲ, ಜಾಫ್ನಾ ಕುಸಿದಿತ್ತು

ಶ್ರೀಲಂಕಾದ ಜಿಲ್ಲಾವಾರು ಜನಸಂಖ್ಯೆಯನ್ನು ಗ್ರಾಫ್‌ಗಳಲ್ಲಿ ತೋರಿಸುವ ಡ್ಯಾಶ್‌ಬೋರ್ಡನ್ನು ಕ್ಲೈಂಟ್‌ಗೆ ಡೆಮೋ ಕೊಟ್ಟು ಎಂಟು ತಿಂಗಳು ಕಳೆದಿವೆ. ಅಂದು ಜಾಫ್ನಾದ ಗೆರೆಯ ಮೇಲೆ ಕರ್ಸರ್ ಇಟ್ಟಾಗ ತೆರೆದುಕೊಂಡ ಟಿಪ್ಪಣಿಯನ್ನು ನೆನೆದರೆ ಈಗಲೂ ಮನಸ್ಸು ಮುದುಡುತ್ತದೆ. ಅದನ್ನು ಬರೆದವನು ನಾನೇ. ಅದೂ ಹಿಂದಿನ ತಪ್ಪೊಂದನ್ನು ತಿದ್ದುವ ಆತುರದಲ್ಲಿ.

ಆ ಮೊದಲ ತಪ್ಪು ಕೊಲಂಬೊ ಜಿಲ್ಲೆಯದು. 1971ರ ಜನಗಣತಿಯಲ್ಲಿ ಅದರ ಜನಸಂಖ್ಯೆ 26.7 ಲಕ್ಷ, 1981ರಲ್ಲಿ 17 ಲಕ್ಷ. ಹತ್ತೇ ವರ್ಷಗಳಲ್ಲಿ ಮೂರರಲ್ಲೊಂದು ಪಾಲಿಗಿಂತ ಹೆಚ್ಚು ಜನ ಕಡಿಮೆಯಾದರೆಂದು ನಂಬಿ, ಅದನ್ನೇ ಸಾರಾಂಶದ ಮೊದಲ ಸಾಲಾಗಿಸಿ ರಿವ್ಯೂಗೆ ಕಳುಹಿಸಿದ್ದೆ. ಗುಣಮಟ್ಟ ಪರೀಕ್ಷಿಸುವ ಕ್ಯೂಎ ತಂಡದಲ್ಲಿದ್ದ ಸಹೋದ್ಯೋಗಿ ಒಂದೇ ಪ್ರಶ್ನೆಯೊಂದಿಗೆ ಟಿಕೆಟ್ ವಾಪಸು ಮಾಡಿದರು: 1971ರಲ್ಲಿ ಗಂಪಹ ಜಿಲ್ಲೆ ಏಕೆ ನಲ್ (ಅಂಕಿಯಿಲ್ಲದೆ ಖಾಲಿ) ಆಗಿದೆ? ಹುಡುಕಿದಾಗ ಉತ್ತರ ಸಿಕ್ಕಿತು. 1978ರಲ್ಲಿ ಕೊಲಂಬೊದ ಉತ್ತರ ಭಾಗವನ್ನು ಬೇರ್ಪಡಿಸಿ ಗಂಪಹ ಜಿಲ್ಲೆಯನ್ನು ರಚಿಸಲಾಗಿತ್ತು, ಮತ್ತು 1981ರಲ್ಲಿ ಅಲ್ಲಿ 13.9 ಲಕ್ಷ ಜನರಿದ್ದರು. ಎರಡನ್ನೂ ಕೂಡಿಸಿದರೆ 30.9 ಲಕ್ಷ. ಜಿಲ್ಲೆ ಚಿಕ್ಕದಾಗಿತ್ತು, ಜನ ಹೆಚ್ಚಾಗಿದ್ದರು. ನಾನು ಹೊಸಪೇಟೆಯವನು. ನಮ್ಮೂರು 2021ರಲ್ಲಿ ಬಳ್ಳಾರಿ ಜಿಲ್ಲೆಯಿಂದ ವಿಜಯನಗರ ಜಿಲ್ಲೆಗೆ ಸೇರಿದಾಗ ನಮ್ಮ ಮನೆಯ ಒಂದು ಪಾತ್ರೆಯೂ ಅಲುಗಿರಲಿಲ್ಲ. ಅದನ್ನು ಕಣ್ಣಾರೆ ಕಂಡ ನನಗೆ ಈ ಸಂಶಯ ಮೊದಲೇ ಬರಬೇಕಿತ್ತು.

ಜಿಲ್ಲೆಗಳ ಮಾಸ್ಟರ್ ಟೇಬಲ್‌ನಲ್ಲಿ ಪ್ರತಿ ಜಿಲ್ಲೆಗೂ ಆರಂಭ ಮತ್ತು ಅಂತ್ಯದ ದಿನಾಂಕಗಳ ಕಾಲಂ ಬೇಕೆಂದು ನಾನು ಮ್ಯಾನೇಜರ್ ಅವರನ್ನು ಕೇಳಿದೆ. ಇಷ್ಟು ಚಿಕ್ಕ ದೇಶಕ್ಕೆ ಅಷ್ಟೆಲ್ಲ ಏಕೆ, ರಿಲೀಸ್ ಹತ್ತಿರವಿದೆ, ಮುಂದಿನ ಸ್ಪ್ರಿಂಟ್‌ನಲ್ಲಿ, ಅಂದರೆ ಕೆಲಸದ ಮುಂದಿನ ಕಂತಿನಲ್ಲಿ, ನೋಡೋಣ ಎಂದರು. ದೇಶ ಚಿಕ್ಕದಿರಬಹುದು, ಅದರ ಗಡಿಗಳ ಕಥೆ ಚಿಕ್ಕದಲ್ಲ. 1815ರಲ್ಲಿ ಕ್ಯಾಂಡಿ ರಾಜ್ಯ ಬ್ರಿಟಿಷರ ವಶವಾದ ಮೇಲೂ ಅದರ ಆಡಳಿತ ಕರಾವಳಿಯ ಆಡಳಿತದಿಂದ ಬೇರೆಯಾಗಿಯೇ ಉಳಿದಿತ್ತು. ಕೋಲ್‌ಬ್ರೂಕ್ ಆಯೋಗದ ಶಿಫಾರಸಿನಂತೆ 1833ರಲ್ಲಿ ಇಡೀ ದ್ವೀಪವನ್ನು ಐದು ಪ್ರಾಂತ್ಯಗಳಾಗಿ ವಿಂಗಡಿಸಿದಾಗ, ಹಳೆಯ ಕ್ಯಾಂಡಿಯ ನೆಲವನ್ನು ಒಡೆದು ಕರಾವಳಿಯ ಪ್ರಾಂತ್ಯಗಳಿಗೂ ಹಂಚಲಾಯಿತು. ಬಳಿಕ 1845ರಲ್ಲಿ ವಾಯವ್ಯ, 1873ರಲ್ಲಿ ಉತ್ತರ ಮಧ್ಯ, 1886ರಲ್ಲಿ ಊವಾ, 1889ರಲ್ಲಿ ಸಬರಗಮುವ ಪ್ರಾಂತ್ಯಗಳು ಹುಟ್ಟಿ ಒಟ್ಟು ಒಂಬತ್ತಾದವು. 1955ರಿಂದ ಪ್ರಾಂತ್ಯಕ್ಕೆ ಬದಲಾಗಿ ಜಿಲ್ಲೆಯೇ ಆಡಳಿತದ ಮುಖ್ಯ ಘಟಕವಾಯಿತು. ಆ ಜಿಲ್ಲೆಗಳೂ ಒಡೆಯುತ್ತಲೇ ಹೋದವು: 1961ರಲ್ಲಿ ಬಟ್ಟಿಕಲೋವಾದ ದಕ್ಷಿಣ ಭಾಗ ಅಂಪಾರ ಜಿಲ್ಲೆಯಾಯಿತು, 1978ರಲ್ಲಿ ಗಂಪಹದೊಂದಿಗೆ ಮುಲ್ಲೈತೀವು ಬಂತು, 1984ರಲ್ಲಿ ಜಾಫ್ನಾದಿಂದ ಕಿಳಿನೊಚ್ಚಿ ಬೇರೆಯಾಯಿತು. ಹೀಗಾಗಿ 1971ರ ಜನಗಣತಿಗೆ 22 ಜಿಲ್ಲೆಗಳು, 1981ಕ್ಕೆ 24, 2012ಕ್ಕೆ 25.

ಪ್ರಾಂತ್ಯದ ಫಿಲ್ಟರ್ ಇನ್ನೂ ಕಷ್ಟದ್ದು. 1987ರ ಭಾರತ-ಲಂಕಾ ಒಪ್ಪಂದ ಮತ್ತು ಅದೇ ವರ್ಷ ಶ್ರೀಲಂಕಾ ಸಂವಿಧಾನಕ್ಕೆ ತಂದ 13ನೆಯ ತಿದ್ದುಪಡಿಯ ನಂತರ ಪ್ರಾಂತ್ಯಗಳಿಗೆ ಮತ್ತೆ ಜೀವ ಬಂತು. 1988ರಲ್ಲಿ ಉತ್ತರ ಮತ್ತು ಪೂರ್ವ ಪ್ರಾಂತ್ಯಗಳನ್ನು ಒಂದುಗೂಡಿಸಲಾಯಿತು. ಆ ವಿಲೀನ ಅಸಿಂಧುವೆಂದು 2006ರ ಅಕ್ಟೋಬರ್‌ನಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ತೀರ್ಪು ನೀಡಿದ್ದರಿಂದ 2007ರ ಜನವರಿ 1ರಂದು ಅವು ಮತ್ತೆ ಬೇರೆಯಾದವು. ನಮ್ಮ ಟೇಬಲ್‌ಗೆ ಇದಾವುದೂ ಗೊತ್ತಿರಲಿಲ್ಲ.

ಕಾಲಂ ಸಿಗದ ಕಾರಣ ನಾನು ಅಡ್ಡದಾರಿ ಹಿಡಿದೆ. ಒಡೆದ ಜಿಲ್ಲೆಗಳ ಪಟ್ಟಿಯೊಂದನ್ನು ಮಾಡಿ, ಅವುಗಳ ಜನಸಂಖ್ಯೆ ಎಲ್ಲಿ ಇಳಿದರೂ "ಇಳಿಕೆಗೆ ಕಾರಣ: ಗಡಿ ಬದಲಾವಣೆ" ಎಂಬ ಟಿಪ್ಪಣಿ ತಾನಾಗಿ ಮೂಡುವಂತೆ ರೂಲ್ ಬರೆದೆ. ಕೊಲಂಬೊದಲ್ಲಿ ಅದು ಸರಿಯಾಗಿಯೇ ಮೂಡಿತು. ಮಿಕ್ಕವನ್ನು ತೆರೆದು ನೋಡಲಿಲ್ಲ.

ಡೆಮೋದಲ್ಲಿ ಕ್ಲೈಂಟ್ ಕಡೆಯ ಹಿರಿಯ ಮಹಿಳೆಯೊಬ್ಬರು ಜಾಫ್ನಾವನ್ನು ತೋರಿಸಿ ಎಂದರು. 1981ರ 8.3 ಲಕ್ಷದಿಂದ 2012ರ 5.8 ಲಕ್ಷಕ್ಕೆ ಒಂದು ನೇರ, ನುಣುಪಾದ ಇಳಿಗೆರೆ. ಸಂಘರ್ಷದಿಂದಾಗಿ 2001ರ ಜನಗಣತಿ ಪೂರ್ತಿಯಾಗಿ ನಡೆದದ್ದು 18 ಜಿಲ್ಲೆಗಳಲ್ಲಿ ಮಾತ್ರ. ಟೇಬಲ್‌ನಲ್ಲಿ ಜಾಫ್ನಾದ 2001ರ ಅಂಕಿ ನಲ್ ಆಗಿದ್ದುದರಿಂದ ಟೂಲ್ ಎರಡು ಚುಕ್ಕೆಗಳನ್ನು ತಾನೇ ಜೋಡಿಸಿಬಿಟ್ಟಿತ್ತು. ಗೆರೆಯ ಪಕ್ಕದಲ್ಲಿ ನನ್ನ ಟಿಪ್ಪಣಿಯಿತ್ತು. ಅವರು ಅದನ್ನು ಗಟ್ಟಿಯಾಗಿ ಓದಿ, "ಕಿಳಿನೊಚ್ಚಿಯನ್ನು ಕೂಡಿಸಿ ನೋಡಿದ್ದೀರಾ?" ಎಂದು ಕೇಳಿದರು. ನೋಡಿರಲಿಲ್ಲ. ಸ್ಕ್ರೀನ್ ಶೇರ್ ಆಗಿದ್ದಂತೆಯೇ ಕೂಡಿಸಿದೆ: 5,83,882ಕ್ಕೆ 1,13,510 ಸೇರಿ 6,97,392. ಆಗಲೂ 1981ಕ್ಕಿಂತ 1.33 ಲಕ್ಷ ಕಡಿಮೆ. ಮೂವತ್ತೊಂದು ವರ್ಷಗಳಲ್ಲಿ ಆಗಬೇಕಿದ್ದ ಏರಿಕೆಯ ಮಾತು ಬೇರೆಯೇ. ಕಾಲ್‌ನಲ್ಲಿ ಯಾರೂ ಮಾತನಾಡಲಿಲ್ಲ. ಮ್ಯಾನೇಜರ್ ಮ್ಯೂಟ್‌ನಲ್ಲಿದ್ದರು. ಕೊನೆಗೆ ಆ ಹಿರಿಯ ಮಹಿಳೆಯೇ, "ಆ ವ್ಯತ್ಯಾಸದಲ್ಲಿ ನಮ್ಮ ಮನೆಯವರೂ ಇದ್ದಾರೆ" ಎಂದರು. ಧ್ವನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ನನಗೆ ಕ್ಷಮೆ ಕೇಳುವುದು ಸುಲಭವಾಗುತ್ತಿತ್ತು.

1983ರಿಂದ 2009ರವರೆಗಿನ ಯುದ್ಧವನ್ನು, 1995ರಲ್ಲಿ ಜಾಫ್ನಾ ಬಿಟ್ಟು ಹೊರಟ ಲಕ್ಷಾಂತರ ಜನರನ್ನು, ನಾನು ಗಡಿ ಬದಲಾವಣೆ ಎಂಬ ಎರಡು ಪದಗಳ ಕೆಳಗೆ ಮುಚ್ಚಿಹಾಕಿದ್ದೆ. ಕೊಲಂಬೊದಲ್ಲಿ ಇಲ್ಲದ ನಿರ್ಗಮನವನ್ನು ಕಂಡೆ, ಜಾಫ್ನಾದಲ್ಲಿ ಇದ್ದ ನಿರ್ಗಮನವನ್ನು ಅಳಿಸಿದೆ. ಎರಡೂ ಕಡೆ ಹಳೆಯ ಗಡಿಗೆ ಕೂಡಿಸಿ ನೋಡುವ ಐದು ನಿಮಿಷದ ಕೆಲಸವನ್ನು ನಾನು ಮಾಡಿರಲಿಲ್ಲ.

ರೂಲನ್ನು ಅಂದೇ ರಾತ್ರಿ ತೆಗೆದೆ. ದಿನಾಂಕದ ಕಾಲಂಗಳು ಎರಡು ಸ್ಪ್ರಿಂಟ್‌ಗಳ ನಂತರ ಬಂದವು. ಡೆಮೋ ಕೆಟ್ಟ ಮೇಲೆ ಸಿಕ್ಕ ಸಮಯ ಮೊದಲೇ ಏಕೆ ಸಿಗಲಿಲ್ಲವೆಂದು ನಾನು ಮೀಟಿಂಗ್‌ನಲ್ಲಿ ಕೇಳಿದ್ದಕ್ಕೆ ಉತ್ತರ ಬರಲಿಲ್ಲ. ಈಗ ಯಾವ ಜಿಲ್ಲೆಯನ್ನು ಒತ್ತಿದರೂ ಮೊದಲು 1971ರ ಗಡಿಗೆ ಕೂಡಿಸಿದ ಮೊತ್ತ ಕಾಣುತ್ತದೆ, ಅದರ ಕೆಳಗೆ ಇಂದಿನ ಗಡಿಯದು. ಜಾಫ್ನಾದಲ್ಲಿ 1981 ಮತ್ತು 2012ರ ನಡುವೆ ಗೆರೆಯಿಲ್ಲ, ಖಾಲಿ ಜಾಗವಿದೆ. ಅಲ್ಲಿನ ಟಿಪ್ಪಣಿಯ ಕರಡನ್ನು ನಾನು ಆ ಹಿರಿಯರಿಗೆ ಕಳುಹಿಸಿದ್ದೆ. "ವಲಸೆ" ಎಂದು ನಾನು ಬರೆದಿದ್ದ ಕಡೆ ಅವರು "ಯುದ್ಧ, ಸ್ಥಳಾಂತರ, ಸಾವು" ಎಂದು ತಿದ್ದಿ ಕಳುಹಿಸಿದರು. ಅದನ್ನೇ ಹಾಕಿದ್ದೇವೆ.